ಗಣಿತಸಾರಸಂಗ್ರಹ: ನಮ್ಮ ನಾಡಿನ ಹಳೆಯ ಲೆಕ್ಕದ ಪುಸ್ತಕ

ಬೆಳ್ಳಿ ಹಬ್ಬದ ಸ್ಮರಣ ಸಂಚಿಕೆಗೆ ಒಂದು ಲೇಖನ ಬರೆದುಕೊಡಿ ಎಂದು ಸಂಪಾದಕ ಮಂಡಳಿಯವರು ಕೇಳಿದಾಗ ನಾವು ಮೊದಲು ಹಿಂಜರಿದೆವು. ನಾವು ಓದಿದ್ದು ಎಸ್.ಎಸ್.ಎಲ್.ಸಿ. ಮಾತ್ರ. ಅದರಲ್ಲೂ ಗಣಿತದಲ್ಲಿ ಬಂದದ್ದು ಪಾಸಾಗುವಷ್ಟೇ ಅಂಕ. ರಂಟೆ ಹೊಡೆಯುವ ಕೈಗೆ ಪೆನ್ನು ಭಾರವೇ. ಸಂಘ ಹುಟ್ಟಿ ಬೆಳೆದ ಕಥೆಯನ್ನು ಹಿರಿಯರು ಬರೆಯುತ್ತಿದ್ದಾರೆ. ಹಾಗಾಗಿ ನಾವು ಲೆಕ್ಕದ ಇತಿಹಾಸ ಬರೆಯುತ್ತೇವೆ ಎಂದೆವು. "ಲೆಕ್ಕಕ್ಕ ಎಂಥಾ ಇತಿಹಾಸರೀ?" ಎಂದು ಅವರು ನಕ್ಕರು. ಇದೆ. ಅದೂ ನಮ್ಮ ಕನ್ನಡ ನಾಡಿನದೇ ಇದೆ. ಸಾವಿರದ ನೂರು ವರ್ಷಕ್ಕೂ ಹಿಂದೆ ಬಡ್ಡಿ, ಹೊಲ, ಬಾವಿ, ಬಂಗಾರ ಎಲ್ಲದರ ಲೆಕ್ಕವನ್ನು ಒಂದೇ ಪುಸ್ತಕದಲ್ಲಿ ಬರೆದಿಟ್ಟ ಪುಣ್ಯಾತ್ಮರೊಬ್ಬರಿದ್ದರು. ಅವರ ಹೆಸರು ಮಹಾವೀರಾಚಾರ್ಯರು. ಪುಸ್ತಕದ ಹೆಸರು ಗಣಿತಸಾರಸಂಗ್ರಹ.

ಈ ಪುಸ್ತಕ ನಮ್ಮ ಕೈಗೆ ಹೇಗೆ ಬಂತೆಂಬುದನ್ನು ಮೊದಲು ಹೇಳಬೇಕು.

ನಾವು ನಿರ್ದೇಶಕರಾದ ಹೊಸತರಲ್ಲಿ ನಮ್ಮ ಓಣಿಯ ಒಬ್ಬ ವೃದ್ಧೆ ಪಾಸ್‌ಬುಕ್ಕು ಹಿಡಿದುಕೊಂಡು ಮನೆಗೆ ಬಂದರು. ಎಮ್ಮೆ ಸಾಲ ತೆಗೆದಿದ್ದರು, 12,000 ರೂಪಾಯಿ, ವರ್ಷಕ್ಕೆ ನೂರಕ್ಕೆ 12ರ ಬಡ್ಡಿ. ಆರು ತಿಂಗಳಿಗೆ ಹಾಲಿನ ರೊಕ್ಕ ಕೂಡಿಸಿ 4,720 ರೂಪಾಯಿ ಕಟ್ಟಿದ್ದರು. ವರ್ಷದ ಕೊನೆಗೆ ಬಂದ ನೋಟಿಸು ನೋಡಿ ಅವರಿಗೆ ಸಮಾಧಾನವಾಗಿರಲಿಲ್ಲ. "ತಮ್ಮಾ, ನಾ ನಡುವ ರೊಕ್ಕಾ ಕಟ್ಟೀನಲ್ಲೋ. ಬಡ್ಡಿ ಮತ್ತ ಅಷ್ಟ ಹೆಂಗ ಬಂತು?" ಎಂದು ಕೇಳಿದರು. "ಆಫೀಸಿನವ್ರು ಹಾಕಿರ್ತಾರ ಬಿಡವ್ವಾ, ಸರಿ ಇರ್ತೈತಿ" ಎಂದೆವು. ಅವರು ಎದ್ದು ಹೋದರು. ಆದರೆ ರಾತ್ರಿ ನಮಗೆ ನಿದ್ದೆ ಬರಲಿಲ್ಲ. ಯಾಕಂದರೆ ಆ ಬಾಕಿ ಪಟ್ಟಿಗೆ ಸಹಿ ಹಾಕಿದವರಲ್ಲಿ ನಾವೂ ಒಬ್ಬರು. ಲೆಕ್ಕ ನೋಡದೇ ಸಹಿ ಹಾಕಿದ್ದೆವು.

ಮರುದಿನ ನಮ್ಮೂರ ಹೈಸ್ಕೂಲಿನ ಗಣಿತದ ಮಾಸ್ತರರ ಹತ್ತಿರ ಹೋಗಿ, ಬಡ್ಡಿಯ ಲೆಕ್ಕ ಇನ್ನೊಮ್ಮೆ ಕಲಿಸಿಕೊಡ್ರಿ ಎಂದು ಕೇಳಿದೆವು. ಅವರು ಕಲಿಸಿದರು. ಹೋಗುವಾಗ ಒಂದು ದಪ್ಪ ಪುಸ್ತಕ ಕೊಟ್ಟು, "ಇದನ್ನೂ ಓದ್ರಿ, ನಿಮ್ಮ ಪ್ರಶ್ನೆ ಎಷ್ಟು ಹಳೇದು ಅಂತ ಗೊತ್ತಾಗ್ತದ" ಎಂದರು. ಅದೇ ಗಣಿತಸಾರಸಂಗ್ರಹದ ಕನ್ನಡ ಅನುವಾದ.

ರಾಷ್ಟ್ರಕೂಟರ ಕಾಲದ ಪುಸ್ತಕ

ಮಹಾವೀರಾಚಾರ್ಯರು ದಿಗಂಬರ ಜೈನ ಪರಂಪರೆಯ ವಿದ್ವಾಂಸರು. ಅವರ ಕಾಲ ಕ್ರಿ.ಶ. 850ರ ಸುಮಾರು. ಆಗ ನಮ್ಮ ನಾಡನ್ನು ಆಳುತ್ತಿದ್ದವನು ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗ. ಅವನ ರಾಜಧಾನಿ ಮಾನ್ಯಖೇಟ, ಅಂದರೆ ಇವತ್ತಿನ ಕಲಬುರಗಿ ಜಿಲ್ಲೆ ಸೇಡಂ ತಾಲ್ಲೂಕಿನ ಮಳಖೇಡ, ಕಾಗಿಣಾ ನದಿಯ ದಂಡೆಯಲ್ಲಿದೆ. ಕನ್ನಡಕ್ಕೆ ಸಿಕ್ಕಿರುವ ಅತ್ಯಂತ ಹಳೆಯ ಗ್ರಂಥ ಕವಿರಾಜಮಾರ್ಗ ಹುಟ್ಟಿದ್ದೂ ಇದೇ ಅರಸನ ಆಸ್ಥಾನದಲ್ಲಿ. ಕವಿರಾಜಮಾರ್ಗದ ಹೆಸರು ಶಾಲೆಯಲ್ಲಿ ನಾವೆಲ್ಲ ಕೇಳಿದ್ದೇವೆ. ಅದೇ ಕಾಲದ, ಅದೇ ಅರಸನನ್ನು ಹೊಗಳಿ ಆರಂಭವಾಗುವ ಈ ಗಣಿತದ ಗ್ರಂಥದ ಹೆಸರು ಮಾತ್ರ ನಮ್ಮ ಕಿವಿಗೆ ಬಿದ್ದಿರಲಿಲ್ಲ.

ಗ್ರಂಥ ಸಂಸ್ಕೃತದಲ್ಲಿದೆ. ಒಟ್ಟು ಒಂಬತ್ತು ಅಧ್ಯಾಯ, 1,100ಕ್ಕೂ ಹೆಚ್ಚು ಶ್ಲೋಕ. ಆ ಕಾಲದಲ್ಲಿ ಗಣಿತವೆಂದರೆ ಸಾಮಾನ್ಯವಾಗಿ ಜ್ಯೋತಿಷ ಗ್ರಂಥದೊಳಗಿನ ಒಂದೆರಡು ಅಧ್ಯಾಯ. ಗ್ರಹಣ ಯಾವಾಗ, ಗ್ರಹ ಎಲ್ಲಿದೆ ಎಂಬುದಕ್ಕೇ ಅದರ ಉಪಯೋಗ. ಆರ್ಯಭಟ, ಬ್ರಹ್ಮಗುಪ್ತ ಮೊದಲಾದವರು ಬರೆದದ್ದು ಹಾಗೆ. ಮಹಾವೀರಾಚಾರ್ಯರು ಆಕಾಶದ ಲೆಕ್ಕ ಬಿಟ್ಟು, ಗಣಿತಕ್ಕೆಂದೇ ಒಂದು ಪೂರ್ತಿ ಗ್ರಂಥ ಬರೆದರು. ಮೊದಲಿಗೇ ಗಣಿತ ಎಲ್ಲೆಲ್ಲಿ ಬೇಕೆಂದು ಹೇಳುತ್ತಾರೆ: ವ್ಯವಹಾರಕ್ಕೆ ಬೇಕು, ಸಂಗೀತಕ್ಕೆ, ಔಷಧಿಗೆ, ಮನೆ ಕಟ್ಟುವುದಕ್ಕೆ ಬೇಕು, ಅಡುಗೆಗೂ ಬೇಕು. ಅಡುಗೆಯನ್ನೂ ಬಿಡದ ಪಂಡಿತರನ್ನು ನಾವು ಕಂಡದ್ದು ಇದೇ ಮೊದಲು!

ಒಂದನೇ ಅಧ್ಯಾಯದಲ್ಲಿ ಅಳತೆ, ತೂಕ, ಕಾಲಮಾನಗಳ ಹೆಸರು. ನಮ್ಮ ಹಿರಿಯರಿಗೆ ಚಟಾಕು, ಪಾವು, ಸೇರು, ಮಣ ಇದ್ದ ಹಾಗೆ ಅವರ ಕಾಲಕ್ಕೆ ಕುಡುಬ, ಪ್ರಸ್ಥ, ಆಢಕ, ದ್ರೋಣ. ಅಲ್ಲೇ ಏಕ, ದಶ, ಶತದಿಂದ ಹಿಡಿದು 24ನೇ ಸ್ಥಾನದ ಮಹಾಕ್ಷೋಭದ ತನಕ ಅಂಕಿಗಳಿಗೆ ಹೆಸರು ಕೊಟ್ಟಿದ್ದಾರೆ. ಆ ಮೇಲೆ ಗುಣಾಕಾರ ಭಾಗಾಕಾರ, ಭಿನ್ನರಾಶಿ, ಬಿಡಿ ಲೆಕ್ಕಗಳು, ತ್ರೈರಾಶಿಕ, ಮಿಶ್ರ ಲೆಕ್ಕ, ಕ್ಷೇತ್ರ, ಅಗೆತ ಮತ್ತು ಕಟ್ಟಡ, ಕೊನೆಗೆ ನೆರಳಿನ ಲೆಕ್ಕ.

ಮಾವಿನ ಹಣ್ಣು, ಒಂಟೆ, ಆರು ರುಚಿ

ಅವರ ಲೆಕ್ಕಗಳು ಒಣ ಲೆಕ್ಕಗಳಲ್ಲ. ಒಂದು ಹೀಗಿದೆ. ಮಾವಿನ ಹಣ್ಣಿನ ರಾಶಿಯಲ್ಲಿ ಅರಸ ಆರನೇ ಒಂದು ಪಾಲು ತೆಗೆದುಕೊಂಡ. ಉಳಿದದ್ದರಲ್ಲಿ ರಾಣಿ ಐದನೇ ಒಂದು ಪಾಲು. ಆಮೇಲೆ ಉಳಿದುಳಿದದ್ದರಲ್ಲಿ ಮೂವರು ರಾಜಕುಮಾರರು ನಾಲ್ಕನೇ ಒಂದು, ಮೂರನೇ ಒಂದು, ಅರ್ಧ. ಕಡೆಯ ಮಗುವಿಗೆ ಸಿಕ್ಕದ್ದು ಮೂರು ಹಣ್ಣು. ಹಾಗಾದರೆ ರಾಶಿಯಲ್ಲಿ ಎಷ್ಟಿದ್ದವು? ನಾವು ಇದನ್ನು ಹಿಂದಿನಿಂದ ಬಿಡಿಸಿದೆವು. ಕೊನೆಗೆ 3, ಅದಕ್ಕೆ ಮೊದಲು 6, ಅದಕ್ಕೆ ಮೊದಲು 9, ಹೀಗೆ 12, 15, 18. ಒಟ್ಟು 18 ಹಣ್ಣು. ಪಾಲಿನ ಹೆಸರು ಬೇರೆಬೇರೆಯಾದರೂ ಎಲ್ಲರಿಗೂ ಸಿಕ್ಕದ್ದು ಮೂರೇ ಮೂರು! ಮನೆಯಲ್ಲಿ ಮಕ್ಕಳಿಗೆ ಕೇಳಿ ನೋಡಿ, ಖುಷಿಪಡುತ್ತಾರೆ.

ಇನ್ನೊಂದು ಒಂಟೆಗಳ ಲೆಕ್ಕ. ಹಿಂಡಿನ ಕಾಲು ಭಾಗ ಕಾಡಿನಲ್ಲಿ, ಹಿಂಡಿನ ವರ್ಗಮೂಲದ ಎರಡು ಪಟ್ಟು ಗುಡ್ಡದ ಇಳಿಜಾರಿನಲ್ಲಿ, 15 ಒಂಟೆ ಹೊಳೆ ದಂಡೆಯಲ್ಲಿ. ಒಟ್ಟು ಎಷ್ಟು? ಉತ್ತರ 36. ಕಾಡಿನಲ್ಲಿ 9, ಗುಡ್ಡದಲ್ಲಿ 12, ಹೊಳೆಯಲ್ಲಿ 15. ಉತ್ತರ ಗೊತ್ತಾದ ಮೇಲೆ ತಾಳೆ ನೋಡುವುದು ಸುಲಭ, ಕಂಡುಹಿಡಿಯುವುದು ಕಷ್ಟ. ಇದು ಹೈಸ್ಕೂಲಿನಲ್ಲಿ ನಮಗೆ ಬೆವರಿಳಿಸಿದ ವರ್ಗ ಸಮೀಕರಣವೇ ಎಂದು ಮಾಸ್ತರರು ತೋರಿಸಿದರು. ಎಕ್ಸು ವೈ ಎಂದು ಹೆದರಿಸದೆ ಒಂಟೆ ತೋರಿಸಿ ಬೀಜಗಣಿತ ಕಲಿಸಿದವರು ಮಹಾವೀರಾಚಾರ್ಯರು.

ಮೂರನೆಯದು ಅಡುಗೆ ಮನೆಯದು. ಒಗರು, ಕಹಿ, ಹುಳಿ, ಖಾರ, ಉಪ್ಪು, ಸಿಹಿ ಎಂದು ರುಚಿಗಳು ಆರು. ಇವುಗಳನ್ನು ಬೆರೆಸಿ ಎಷ್ಟು ಬಗೆ ಮಾಡಬಹುದು? ಒಂದೊಂದೇ ಆದರೆ 6, ಎರಡೆರಡು ಕೂಡಿಸಿದರೆ 15, ಮೂರು ಕೂಡಿಸಿದರೆ 20, ನಾಲ್ಕು ಕೂಡಿಸಿದರೆ 15, ಐದಕ್ಕೆ 6, ಆರೂ ಸೇರಿದರೆ 1. ಒಟ್ಟು 63. ಎಷ್ಟೇ ವಸ್ತು ಇರಲಿ, ಅದರಲ್ಲಿ ಎಷ್ಟನ್ನೇ ಆರಿಸಲಿ, ಎಲ್ಲಕ್ಕೂ ಹೊಂದುವ ಸಾಮಾನ್ಯ ಸೂತ್ರವನ್ನೇ ಅವರು ಕೊಟ್ಟಿದ್ದಾರೆ. ಇವತ್ತು ಕಾಲೇಜಿನಲ್ಲಿ ಓದುವ ನಮ್ಮ ಮಕ್ಕಳು ಕಲಿಯುವುದೂ ಅದೇ ಸೂತ್ರ.

ಎಲ್ಲವೂ ಸರಿಯೆಂದು ಹೇಳಿದರೆ ಸುಳ್ಳಾಗುತ್ತದೆ. ಯಾವುದೇ ಸಂಖ್ಯೆಯನ್ನು ಸೊನ್ನೆಯಿಂದ ಭಾಗಿಸಿದರೆ ಆ ಸಂಖ್ಯೆ ಹಾಗೇ ಉಳಿಯುತ್ತದೆ ಎಂದು ಅವರು ಬರೆದಿದ್ದಾರೆ. ಅದು ತಪ್ಪು. ಸುಮಾರು 300 ವರ್ಷದ ನಂತರ, 1150ರಲ್ಲಿ, ಲೀಲಾವತಿ ಮತ್ತು ಬೀಜಗಣಿತ ಬರೆದ ಭಾಸ್ಕರಾಚಾರ್ಯರು ಅಂಥ ಭಾಗಾಕಾರದ ಫಲವನ್ನು ಅನಂತವೆಂದು ಕರೆದರು. ಆದರೆ ಋಣ ಸಂಖ್ಯೆಗೆ ವರ್ಗಮೂಲ ಸಿಗದು, ಏಕೆಂದರೆ ಅದು ಯಾವುದರ ವರ್ಗವೂ ಅಲ್ಲ ಎಂದು ಸ್ಪಷ್ಟವಾಗಿ ಹೇಳಿದವರೂ ಇದೇ ಮಹಾವೀರಾಚಾರ್ಯರೇ. ದೊಡ್ಡವರ ಪುಸ್ತಕದಲ್ಲೂ ತಪ್ಪಿರುತ್ತದೆ. ಬರೆದಿಟ್ಟಿದ್ದರಿಂದಲೇ ಮುಂದಿನವರು ಅದನ್ನು ಹಿಡಿದು ತಿದ್ದಲು ಆಯಿತು. ಈ ಮಾತನ್ನು ನಮ್ಮ ಓದುಗರು ನೆನಪಿಟ್ಟುಕೊಳ್ಳಬೇಕು, ಮುಂದೆ ಬೇಕಾಗುತ್ತದೆ.

ಹೊಲ ಮತ್ತು ಬಾವಿ

ರೈತರಾದ ನಮಗೆ ತುಂಬಾ ಹಿಡಿಸಿದ್ದು ಕ್ಷೇತ್ರದ ಅಧ್ಯಾಯ. ಅದರಲ್ಲಿ ಎರಡು ಬಗೆಯ ಲೆಕ್ಕ ಇದೆ. ಒಂದು ವ್ಯಾವಹಾರಿಕ, ಅಂದರೆ ಕೆಲಸಕ್ಕೆ ಸಾಲುವಷ್ಟು. ಇನ್ನೊಂದು ಸೂಕ್ಷ್ಮ, ಅಂದರೆ ಕರಾರುವಾಕ್ಕು. ನಾಲ್ಕು ಬದುವಿನ ಹೊಲಕ್ಕೆ ವ್ಯಾವಹಾರಿಕ ಲೆಕ್ಕ ಹೀಗೆ: ಎದುರುಬದುರು ಬದುಗಳನ್ನು ಕೂಡಿಸಿ ಅರ್ಧ ಮಾಡು, ಎರಡನ್ನೂ ಗುಣಿಸು. ನಮ್ಮ ಹಿರಿಯರು ಹಗ್ಗ ಹಿಡಿದು ಮಾಡುತ್ತಿದ್ದದ್ದೂ ಇದನ್ನೇ.

ನಾವೇ ಒಂದು ಉದಾಹರಣೆ ಹಾಕಿ ನೋಡಿದೆವು. ಮೇಲಿನ ಬದು 40 ಗಜ, ಅದಕ್ಕೆ ಸಮಾನಾಂತರವಾದ ಕೆಳಗಿನ ಬದು 60 ಗಜ, ಎರಡೂ ಕಡೆಯ ಓರೆ ಬದುಗಳು 26, 26 ಗಜ. ವ್ಯಾವಹಾರಿಕ ಲೆಕ್ಕದಲ್ಲಿ 50 ಗುಣಿಲೆ 26, ಅಂದರೆ 1,300 ಚದರ ಗಜ. ಸೂಕ್ಷ್ಮ ಲೆಕ್ಕದಲ್ಲಿ ನಾಲ್ಕೂ ಬದು ಕೂಡಿಸಿ ಅರ್ಧ ಮಾಡಬೇಕು: 76. ಅದರಿಂದ ಒಂದೊಂದು ಬದುವನ್ನೂ ಕಳೆದರೆ 36, 16, 50, 50. ಈ ನಾಲ್ಕನ್ನೂ ಗುಣಿಸಿದರೆ 14,40,000. ಅದರ ವರ್ಗಮೂಲ 1,200. ಎರಡಕ್ಕೂ 100 ಚದರ ಗಜದ ಅಂತರ! 121 ಚದರ ಗಜಕ್ಕೆ ಒಂದು ಗುಂಟೆ. ಹತ್ತು ಗುಂಟೆಯೂ ತುಂಬದ ಹೊಲದಲ್ಲಿ ಮುಕ್ಕಾಲು ಗುಂಟೆಗೂ ಮೀರಿ ತಪ್ಪು. ಅಣ್ಣ ತಮ್ಮಂದಿರು ಕೋರ್ಟು ಹತ್ತುವುದಕ್ಕೆ ಇಷ್ಟು ಸಾಕಲ್ಲವೇ? ಈ ಸೂಕ್ಷ್ಮ ಸೂತ್ರ ಬ್ರಹ್ಮಗುಪ್ತನಿಂದ, ಅಂದರೆ 628ರಿಂದ, ಬಂದದ್ದು. ನಾಲ್ಕು ಮೂಲೆಯೂ ಒಂದೇ ವೃತ್ತದ ಮೇಲೆ ಕೂರುವ ಹೊಲಕ್ಕೆ ಮಾತ್ರ ಅದು ಸರಿಯೆಂದು ಮಾಸ್ತರರು ಎಚ್ಚರಿಸಿದರು. ಓರೆ ಬದು ಎರಡೂ ಸಮವಾದ್ದರಿಂದ ನಮ್ಮ ಉದಾಹರಣೆಯ ಹೊಲಕ್ಕೆ ಹೊಂದುತ್ತದೆ.

ಬಾವಿಯ ಲೆಕ್ಕವೂ ಹೀಗೆಯೇ. ದುಂಡನೆಯ ಬಾವಿಯ ಅಗಲದ ಮೂರು ಪಟ್ಟು ಸುತ್ತಳತೆ ಎಂಬುದು ವ್ಯಾವಹಾರಿಕ. ಹತ್ತರ ವರ್ಗಮೂಲದ ಪಟ್ಟು ಎಂಬುದು ಸೂಕ್ಷ್ಮ. 20 ಅಡಿ ಅಗಲದ ಬಾವಿಗೆ ಮೊದಲನೆಯದರಲ್ಲಿ 60 ಅಡಿ, ಎರಡನೆಯದರಲ್ಲಿ 63 ಅಡಿ 3 ಇಂಚು. ಇವತ್ತಿನ ಲೆಕ್ಕದಲ್ಲಿ 62 ಅಡಿ 10 ಇಂಚು. ಸಾವಿರ ವರ್ಷದ ಹಿಂದಿನ ಲೆಕ್ಕಕ್ಕೂ ಇಂದಿನದಕ್ಕೂ ಐದೇ ಇಂಚಿನ ಅಂತರ.

ಬಡ್ಡಿಯ ಲೆಕ್ಕ

ಇನ್ನು ನಮ್ಮ ಸಂಘಕ್ಕೆ ಹತ್ತಿರದ ವಿಷಯ. ಆರನೆಯದಾದ ಮಿಶ್ರಕ ಅಧ್ಯಾಯದಲ್ಲಿ ಬಡ್ಡಿ ವ್ಯವಹಾರದ ನಿಯಮಗಳು ಸಾಲಾಗಿ ಬರುತ್ತವೆ. ಅಸಲು, ದರ, ಅವಧಿ ಗೊತ್ತಿದ್ದರೆ ಬಡ್ಡಿ ಎಷ್ಟು? ಬಡ್ಡಿ ಗೊತ್ತಿದ್ದರೆ ಅಸಲೆಷ್ಟು? ಅಸಲು ಬಡ್ಡಿ ಕೂಡಿದ ಮೊತ್ತ ಮಾತ್ರ ಗೊತ್ತಿದ್ದರೆ ಎರಡನ್ನೂ ಬೇರೆ ಮಾಡುವುದು ಹೇಗೆ? ಸಾಲ ಕೊಟ್ಟವನು "ಒಟ್ಟು ಇಷ್ಟು ಕೊಡು" ಎಂದಾಗ, ಅದರಲ್ಲಿ ಅಸಲೆಷ್ಟು ಬಡ್ಡಿ ಎಷ್ಟು ಎಂದು ಬಿಡಿಸಿ ನೋಡುವ ವಿದ್ಯೆ ಇದು. ಉದಾಹರಣೆಗೆ ತಿಂಗಳಿಗೆ ನೂರಕ್ಕೆ ಒಂದರ ದರದಲ್ಲಿ ಒಂಬತ್ತು ತಿಂಗಳಿಗೆ ಒಟ್ಟು 10,900 ರೂಪಾಯಿ ಆಯಿತೆನ್ನಿ. ನೂರು ರೂಪಾಯಿ ಒಂಬತ್ತು ತಿಂಗಳಿಗೆ 109 ಆಗುತ್ತದೆ. ಹಾಗಾದರೆ ಅಸಲು 10,000, ಬಡ್ಡಿ 900. ಇಷ್ಟು ಗೊತ್ತಿದ್ದಿದ್ದರೆ ನಮ್ಮ ಮುತ್ತಜ್ಜನ ಕಾಲದಲ್ಲಿ ಎಷ್ಟು ಹೊಲ ಸಾಹುಕಾರರ ಪಾಲಾಗದೆ ಉಳಿಯುತ್ತಿದ್ದವೋ!

ಈ ಜ್ಞಾನವನ್ನು ಇಟ್ಟುಕೊಂಡು ನಾವು ಆ ವೃದ್ಧೆಯ ಖಾತೆ ತೆಗೆಸಿದೆವು. ಮೊದಲ ಆರು ತಿಂಗಳು 12,000ಕ್ಕೆ ಬಡ್ಡಿ 720. ಅವರು ಕಟ್ಟಿದ 4,720ರಲ್ಲಿ ಬಡ್ಡಿ ಹೋಗಿ 4,000 ಅಸಲಿಗೆ ಜಮಾ. ಉಳಿದ ಅಸಲು 8,000. ಮುಂದಿನ ಆರು ತಿಂಗಳ ಬಡ್ಡಿ 480. ಆದರೆ ವಹಿಯಲ್ಲಿ ಮತ್ತೆ 720 ಹಾಕಿತ್ತು. 240 ರೂಪಾಯಿ ಹೆಚ್ಚು. ಯಾರೂ ಬೇಕೆಂದು ಮಾಡಿದ್ದಲ್ಲ, ಹಳೆಯ ಅಸಲನ್ನೇ ನೋಡಿ ಬರೆದ ಕೈತಪ್ಪು. ಆದರೆ 240 ರೂಪಾಯಿ ಅಂದರೆ ಆ ತಾಯಿಗೆ ಎಷ್ಟೋ ದಿನದ ಹಾಲು. ಆಡಳಿತ ಮಂಡಳಿಯಲ್ಲಿ ವಿಷಯ ಇಟ್ಟೆವು. ಸ್ವಲ್ಪ ಮಾತಿಗೆ ಮಾತು ಬೆಳೆಯಿತು. ಕೊನೆಗೆ ಎಮ್ಮೆ ಸಾಲದ ಎಲ್ಲ ಖಾತೆಗಳನ್ನೂ ತಾಳೆ ನೋಡಿದಾಗ ಇನ್ನೂ ಇಬ್ಬರಿಗೆ ಹೆಚ್ಚು ಬಿದ್ದಿತ್ತು, ಒಬ್ಬರಿಗೆ ಕಡಿಮೆ. ಕಡಿಮೆ ಬಿದ್ದದ್ದು ನಮ್ಮದೇ ಖಾತೆಗೆ! ಬಾಯಿ ಮುಚ್ಚಿಕೊಂಡು ಕಟ್ಟಿ ರಸೀದಿ ತೆಗೆದುಕೊಂಡೆವು.

ಕನ್ನಡಕ್ಕೆ ಬಂದ ಗಣಿತ

ಇಂಥ ಒಳ್ಳೆಯ ಪುಸ್ತಕವಿದ್ದೂ ಅದು ಹಳ್ಳಿಗೆ ಯಾಕೆ ಬರಲಿಲ್ಲ? ಒಂದು ಕಾರಣ ಭಾಷೆ. ಸಂಸ್ಕೃತ ಓದಿದವರು ಎಷ್ಟು ಮಂದಿ? ಈ ಕೊರತೆಯನ್ನು ಕಂಡವರು ಹಿಂದೆಯೂ ಇದ್ದರು. 11ನೇ ಶತಮಾನದಲ್ಲಿ ಪಾವುಲೂರಿ ಮಲ್ಲನ ಎಂಬ ಕವಿ ಗಣಿತಸಾರಸಂಗ್ರಹವನ್ನು ತೆಲುಗಿಗೆ ತಂದ. ನಮ್ಮಲ್ಲಿ 12ನೇ ಶತಮಾನದಲ್ಲಿ ರಾಜಾದಿತ್ಯ ಎಂಬ ಜೈನ ಕವಿ ಕನ್ನಡದಲ್ಲೇ ಗಣಿತ ಬರೆದ. ಪೂವಿನಬಾಗೆ ಅವನ ಊರು. ವ್ಯವಹಾರಗಣಿತ, ಕ್ಷೇತ್ರಗಣಿತ, ವ್ಯವಹಾರರತ್ನ, ಲೀಲಾವತಿ, ಚಿತ್ರಹಸುಗೆ, ಜೈನಗಣಿತಸೂತ್ರ ಟೀಕೋದಾಹರಣ ಎಂಬ ಆರು ಗ್ರಂಥಗಳು ಅವನವು. ಕನ್ನಡದಲ್ಲಿ ಗಣಿತ ಗ್ರಂಥ ಬರೆದವರಲ್ಲಿ ಅವನೇ ಮೊದಲಿಗನೆಂದು ವಿದ್ವಾಂಸರು ಹೇಳುತ್ತಾರೆ. ಹೆಸರುಗಳನ್ನೇ ನೋಡಿ: ವ್ಯವಹಾರ, ಕ್ಷೇತ್ರ. ಅಂಗಡಿಯವನಿಗೂ ಹೊಲದವನಿಗೂ ಬೇಕಾದ ಲೆಕ್ಕ. ಜನರ ಲೆಕ್ಕವನ್ನು ಜನರ ಮಾತಿನಲ್ಲೇ ಹೇಳಬೇಕೆಂಬುದನ್ನು ಎಂಟುನೂರು ವರ್ಷಕ್ಕೂ ಹಿಂದೆ ಒಬ್ಬ ಕವಿ ತಿಳಿದಿದ್ದ.

ಇನ್ನೊಂದು ಕಾರಣ, ಪುಸ್ತಕಗಳು ಓಲೆಗರಿಯಲ್ಲೇ ಉಳಿದದ್ದು. ಗಣಿತಸಾರಸಂಗ್ರಹ ಅಚ್ಚಾದದ್ದು 1912ರಲ್ಲಿ. ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನ ಪ್ರೊಫೆಸರರಾದ ಎಂ. ರಂಗಾಚಾರ್ಯರು ತಮ್ಮ ಉಸ್ತುವಾರಿಯ ಸರ್ಕಾರಿ ಹಸ್ತಪ್ರತಿ ಭಂಡಾರದಲ್ಲಿ ಹುಡುಕಿದಾಗ ಅರೆಬರೆ ಪ್ರತಿಗಳು ಸಿಕ್ಕವು. ಆಮೇಲೆ ಮೈಸೂರಿನಿಂದ, ಮೂಡಬಿದಿರೆಯಿಂದ ಕನ್ನಡ ಲಿಪಿಯ ಪ್ರತಿಗಳನ್ನು ತರಿಸಿ ತಾಳೆ ನೋಡಿದರು. ಒಂದಕ್ಕೆ ವಲ್ಲಭ ಎಂಬವನು ಬರೆದ ಕನ್ನಡ ಟೀಕೆಯೂ ಇತ್ತು. ಹೀಗೆ ಮೂಲವನ್ನು ಇಂಗ್ಲಿಷ್ ಅನುವಾದದೊಂದಿಗೆ ಅಚ್ಚು ಹಾಕಿಸಿದರು. ಅದಕ್ಕೆ ಅಮೆರಿಕೆಯ ಕೊಲಂಬಿಯಾ ವಿಶ್ವವಿದ್ಯಾಲಯದ ಡೇವಿಡ್ ಯೂಜಿನ್ ಸ್ಮಿತ್ ಎಂಬ ಪ್ರೊಫೆಸರರು ಮುನ್ನುಡಿ ಬರೆದರು. ನಮ್ಮ ನಾಡಿನ ಪುಸ್ತಕ ಅಮೆರಿಕೆಗೆ ತಲುಪಿತು, ನಮ್ಮ ಹಳ್ಳಿಗೆ ತಲುಪಲಿಲ್ಲ. ಮುಂದೆ 2000ದಲ್ಲಿ ಡಾ. ಪದ್ಮಾವತಮ್ಮನವರ ಕನ್ನಡ ಅನುವಾದ ಹೊಂಬುಜದ ಶ್ರೀ ಸಿದ್ಧಾಂತಕೀರ್ತಿ ಗ್ರಂಥಮಾಲೆಯಿಂದ ಹೊರಬಂತು. ಮಾಸ್ತರರು ನಮ್ಮ ಕೈಗಿಟ್ಟದ್ದು ಅದನ್ನೇ. ಬರೆದ ಮೇಲೆ ಕನ್ನಡದ ಪೂರ್ತಿ ಅನುವಾದವಾಗಿ ನಮ್ಮ ಮನೆಗೆ ಬರಲು ಈ ಪುಸ್ತಕಕ್ಕೆ ಸಾವಿರದ ನೂರೈವತ್ತು ವರ್ಷ ಹಿಡಿಯಿತು.

ನಮ್ಮ ಬಿನ್ನಹ

ಗದಗ ಹತ್ತಿರದ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ರೈತರ ಸಹಕಾರಿ ಪತ್ತಿನ ಸಂಘ ಕಟ್ಟಿದ್ದನ್ನು ಸಹಕಾರಿಗಳಾದ ನಾವೆಲ್ಲ ಹೆಮ್ಮೆಯಿಂದ ಹೇಳುತ್ತೇವೆ. ಸಾಹುಕಾರನ ಬಡ್ಡಿಯಿಂದ ರೈತ ಪಾರಾಗಲಿ ಎಂಬುದೇ ಸಹಕಾರದ ಮೂಲ. ಆದರೆ ಸಾಹುಕಾರನ ಲೆಕ್ಕ ತಿಳಿಯದಿದ್ದ ಹಾಗೆ ಸೊಸಾಯಿಟಿಯ ಲೆಕ್ಕವೂ ಸದಸ್ಯನಿಗೆ ತಿಳಿಯದಿದ್ದರೆ ಪಾರಾದದ್ದೇನು ಬಂತು? ಈಗ ಕಂಪ್ಯೂಟರ್ ಬಂದಿದೆ, ಬಡ್ಡಿ ತಾನಾಗಿಯೇ ಬರುತ್ತದೆ ಎನ್ನುತ್ತಾರೆ. ಕಂಪ್ಯೂಟರಿಗೆ ಹಾಕುವ ಅಂಕಿ ಮನುಷ್ಯರೇ ಹಾಕಬೇಕಲ್ಲ.

ಆದ್ದರಿಂದ ಈ ಬೆಳ್ಳಿ ಹಬ್ಬದ ವರ್ಷ ನಮ್ಮ ಬಿನ್ನಹ ಒಂದೇ. ಪ್ರತಿ ಪಾಸ್‌ಬುಕ್ಕಿನ ಹಿಂಬದಿಯಲ್ಲಿ ಬಡ್ಡಿ ಹಾಕುವ ಕ್ರಮವನ್ನು ಒಂದು ಉದಾಹರಣೆ ಸಮೇತ ಸರಳ ಕನ್ನಡದಲ್ಲಿ ಅಚ್ಚು ಹಾಕಿಸೋಣ. ಓದು ಬಾರದವರಿಗೆ ಮಹಾಸಭೆಯ ದಿನ ಓದಿ ಹೇಳೋಣ. ಠರಾವು ಮಂಡಿಸಲು ನಾವು ಸಿದ್ಧರಿದ್ದೇವೆ, ಅನುಮೋದಿಸುವವರು ಮುಂದೆ ಬರಬೇಕು. ತಪ್ಪು ಆಗುವುದೇ ಇಲ್ಲವೆಂದು ನಾವು ಹೇಳುವುದಿಲ್ಲ. ಮಹಾವೀರಾಚಾರ್ಯರ ಪುಸ್ತಕದಲ್ಲೂ ತಪ್ಪಿತ್ತು. ಆದರೆ ಬರೆದಿಟ್ಟ ಲೆಕ್ಕದ ತಪ್ಪು ಒಂದು ದಿನ ಯಾರ ಕಣ್ಣಿಗಾದರೂ ಬಿದ್ದೇ ಬೀಳುತ್ತದೆ.

ಆ ವೃದ್ಧೆಗೆ 240 ರೂಪಾಯಿ ಜಮಾ ಮಾಡಿದ ದಿನ ಪಾಸ್‌ಬುಕ್ಕು ತೋರಿಸಿ ಲೆಕ್ಕ ಬಿಡಿಸಿ ಹೇಳಿದೆವು. ಬೆರಳು ಮಡಚಿ ಮಡಚಿ ಕೇಳಿದರು. ಕೊನೆಗೆ, "ರೊಕ್ಕಾ ಬಂದದ್ದು ಇರ್ಲಿ ತಮ್ಮಾ, ಹೆಂಗ ಅಂತ ತಿಳೀತಲ್ಲ, ಅಷ್ಟ ಸಾಕು" ಎಂದರು.

ಸಂಘದ ಸರ್ವ ಸದಸ್ಯರಿಗೂ, ಸಿಬ್ಬಂದಿ ವರ್ಗದವರಿಗೂ ಬೆಳ್ಳಿ ಹಬ್ಬದ ಹಾರ್ದಿಕ ಶುಭಾಶಯಗಳು. ಬಂಗಾರದ ಹಬ್ಬವನ್ನೂ ನಮ್ಮ ಮಕ್ಕಳು ಸರಿಯಾದ ಲೆಕ್ಕದೊಂದಿಗೆ ಆಚರಿಸುವಂತಾಗಲಿ. ಜೈ ಸಹಕಾರ.